ಕುಮುದತ್ತೆಯ ಒಂದು ಪ್ರಶ್ನೆ, ನನ್ನ ಒಂಬತ್ತು ಪ್ರಯಾಣ

ಆಗಸ್ಟ್ ೨, ಭಾನುವಾರ, ಬೆಳಿಗ್ಗೆ ಏಳು ಗಂಟೆ ನಲವತ್ತು ನಿಮಿಷ. ವಿಶಾಖಪಟ್ಟಣದ ನಮ್ಮ ಅಪಾರ್ಟ್‌ಮೆಂಟಿನ ಮೆಟ್ಟಿಲ ಕಂಬಿಗಳಿಗೆ ಬಣ್ಣ ಹೊಡೆಯಲು ಶುರುಮಾಡಿ ಇವತ್ತಿಗೆ ಒಂಬತ್ತು ದಿನ. ಎರಡು ದಿನದ ಕೆಲಸ ಎಂದಿದ್ದರು. ಕಿಟಕಿ ಮುಚ್ಚಿದರೆ ಸೆಕೆ, ತೆಗೆದರೆ ಥಿನ್ನರ್ ವಾಸನೆ. ಈ ವಾಸನೆ ಮೂಗಿಗೆ ಬಿದ್ದಾಗಲೆಲ್ಲ ನನಗೆ ವಿಜಯವಾಡದ ಭವಾನಿಪುರಂನ ಒಂದು ಮನೆ ನೆನಪಾಗುತ್ತದೆ. ಆಟೋನಗರ್‌ನಲ್ಲಿ ಲಾರಿ ಬಾಡಿ ಕಟ್ಟುವ ಶೆಡ್ ಇಟ್ಟುಕೊಂಡಿರುವ ಸತ್ಯಂ ಮಾವ ಮಧ್ಯಾಹ್ನ ಊಟಕ್ಕೆ ಬಂದರೆ ಅವರ ಅಂಗಿಯ ಜೊತೆ ಇದೇ ವಾಸನೆ ಒಳಗೆ ಬರುತ್ತಿತ್ತು. ಹೋದ ವರ್ಷ ಜೂನ್‌ನಿಂದ ಅಕ್ಟೋಬರ್‌ವರೆಗೆ ಆ ಮನೆಯಲ್ಲಿ ನಾನು ಪಟ್ಟ ಪಾಡನ್ನು ಇವತ್ತು ಬರೆದು ಮುಗಿಸಬೇಕೆಂದು ಕೂತಿದ್ದೇನೆ.

ನಾನು ತುಮಕೂರಿನವಳು. ದ್ವಾರಕಾ ನಗರದ ಒಂದು ಬ್ಯಾಂಕ್ ಶಾಖೆಯಲ್ಲಿ ಅಧಿಕಾರಿ, ಇಲ್ಲಿಗೆ ವರ್ಗವಾಗಿ ಬಂದವಳು. ದಿನಚರಿ ಬರೆಯುವ ಅಭ್ಯಾಸ ಹೈಸ್ಕೂಲಿನಿಂದಲೂ ಇದೆ. ತಾರೀಖು, ಗಂಟೆ, ಎಷ್ಟು ಸಲ, ಎಷ್ಟು ಜನ, ಇವಿಲ್ಲದೆ ಬರೆದದ್ದು ನನಗೆ ಬರೆದಂತೆಯೇ ಅನ್ನಿಸುವುದಿಲ್ಲ. ಹಾಗಿದ್ದೂ ಈ ಬರಹದಲ್ಲಿ ಹೋದ ವರ್ಷದ ಹಿಂದಿನ ಯಾವ ಇಸವಿಯೂ ಇಲ್ಲ. ಕಾರಣ ಓದುತ್ತಾ ಹೋದರೆ ಗೊತ್ತಾಗುತ್ತದೆ.

ಹೋದ ವರ್ಷದ ಮೇ ತಿಂಗಳಲ್ಲಿ ನಮ್ಮ ಕನ್ನಡ ಸಂಘದ ಕಾರ್ಯದರ್ಶಿ ಅನಂತರಾಯರು ಬ್ಯಾಂಕಿಗೇ ಬಂದು ನನ್ನ ಮೇಜಿನ ಎದುರು ಕೂತರು. ಅವರು ನಿವೃತ್ತ ಹೆಡ್ ಕ್ಯಾಷಿಯರ್. ಇಲ್ಲಿಯೇ ಮನೆ ಕಟ್ಟಿಕೊಂಡು ಉಳಿದುಬಿಟ್ಟವರು. ರಾಜ್ಯೋತ್ಸವದ ಸಂಚಿಕೆಗೆ ಕುಮುದತ್ತೆಯ ಜೀವನಚಿತ್ರ ಬೇಕು, ಬಂಧುವಾದ ನಾನೇ ಬರೆಯಬೇಕು ಎಂದರು. ಕುಮುದತ್ತೆ ನಮ್ಮಪ್ಪನ ಚಿಕ್ಕಪ್ಪನ ಮಗಳು. ಮೈಸೂರಿನಲ್ಲಿ ಮನಶ್ಶಾಸ್ತ್ರ ಓದಿ, ವಿಶಾಖಪಟ್ಟಣದ ಒಂದು ಆಸ್ಪತ್ರೆಯಲ್ಲಿ ಕೆಲವು ವರ್ಷ ಕೆಲಸ ಮಾಡಿ, ಆಮೇಲೆ ಪರೀಕ್ಷೆ ಕಟ್ಟಿ ವಿದೇಶಾಂಗ ಸೇವೆಗೆ ಸೇರಿದವರು. ಐದು ದೇಶಗಳಲ್ಲಿದ್ದು ಕೊನೆಗೆ ರಾಯಭಾರಿಯಾಗಿ ನಿವೃತ್ತರಾದರು. ಮದುವೆಯಾಗಿದ್ದು ವಿಜಯವಾಡದ ಸತ್ಯಂ ಮಾವನನ್ನು. ಅವರು ಶೆಡ್ ಬಿಟ್ಟು ಕದಲಲಿಲ್ಲ, ಇವರು ದೇಶ ದೇಶ ತಿರುಗುವುದನ್ನು ನಿಲ್ಲಿಸಲಿಲ್ಲ. ಈಗ ಇಬ್ಬರೂ ಒಂದೇ ಮನೆಯಲ್ಲಿದ್ದಾರೆ. ಇಷ್ಟು ಮಾಹಿತಿ ಅಪ್ಪನಿಂದಲೇ ಸಿಕ್ಕಿತ್ತು. ಇನ್ನು ಆರು ಪುಟ ತುಂಬಿಸುವುದು ಸುಲಭ ಎಂದುಕೊಂಡು ಒಪ್ಪಿಕೊಂಡೆ.

ಬ್ಯಾಂಕಿಗೆ ಎರಡನೇ ಮತ್ತು ನಾಲ್ಕನೇ ಶನಿವಾರ ರಜೆ. ಜೂನ್ ೧೪ರಂದು ಮೊದಲ ಸಲ ಬೆಳಗಿನ ರೈಲು ಹಿಡಿದು, ಆರು ಗಂಟೆಗೂ ಹೆಚ್ಚು ಹೊತ್ತು ಕೂತು, ಬೇಯುವ ಬಿಸಿಲಿನಲ್ಲಿ ವಿಜಯವಾಡಕ್ಕೆ ಇಳಿದೆ. ಇಪ್ಪತ್ತೆರಡು ಪ್ರಶ್ನೆ ಬರೆದುಕೊಂಡು ಹೋಗಿದ್ದೆ. ಅತ್ತೆ ಮಜ್ಜಿಗೆ ಕೊಟ್ಟು, ಪ್ರಶ್ನೆಗಳ ಹಾಳೆಯನ್ನು ಕೈಗೆ ತೆಗೆದುಕೊಂಡು ಪೂರ್ತಿ ಓದಿ, ಅಕ್ಷರ ಚೆನ್ನಾಗಿದೆ ಎಂದು ವಾಪಸು ಕೊಟ್ಟರು.

"ಬರಿ, ಬೇಡ ಅನ್ನಲ್ಲ," ಎಂದರು. "ಆದರೆ ಕೊನೇಲಿ ನನ್ನದೊಂದು ಪ್ರಶ್ನೆ ಹಾಕ್ಬೇಕು. ಹಾಕೋದಾದ್ರೆ ಮಾತ್ರ ಬರಿ."

ಆ ಪ್ರಶ್ನೆ ಒಬ್ಬ ಹೆಂಗಸಿನದು. ಆಸ್ಪತ್ರೆಯ ಕಾಲದಲ್ಲಿ ಅತ್ತೆಯ ಹತ್ತಿರ ಬರುತ್ತಿದ್ದವರು. ಕನ್ನಡದವರು, ತೆಲುಗು ಒಂದಕ್ಷರ ಬಾರದವರು. ಆಸ್ಪತ್ರೆಯಲ್ಲಿ ಡಾಕ್ಟರು, ನರ್ಸು, ಆಯಾ ಎಲ್ಲರೂ ತೆಲುಗಿನವರು. ಕನ್ನಡ ಬರುತ್ತಿದ್ದುದು ಅತ್ತೆಗೊಬ್ಬರಿಗೇ. ಹೊಟ್ಟೆನೋವಾದರೆ ಬೆರಳಿಟ್ಟು ತೋರಿಸಬಹುದು. ಈ ಕಾಯಿಲೆಗೆ ಮಾತೇ ಬೇಕು. ಚಿಕಿತ್ಸೆ ಅರ್ಧದಲ್ಲಿರುವಾಗ ಅತ್ತೆ ಸೇವೆಗೆ ಸೇರಿ ಹೊರಟುಹೋದರು. ಆಮೇಲೆ ಆ ಹೆಂಗಸು ಯಾರ ಹತ್ತಿರ ಮಾತಾಡಿದರು, ಗುಣವಾದರೇ, ಬದುಕಿದ್ದಾರೆಯೇ, ಏನೂ ತಿಳಿಯದು. ಅದು ತಿಳಿಯಬೇಕು. ಕನ್ನಡದ ಸಂಚಿಕೆ ಕನ್ನಡದವರ ಮನೆಗೆ ಹೋಗುತ್ತದಲ್ಲ, ಯಾರ ಕಣ್ಣಿಗಾದರೂ ಬಿದ್ದೀತು ಎಂಬ ಆಸೆ.

ನಾನು ಹೊಸ ಹಾಳೆ ತೆಗೆದು ಹೆಸರು ಕೇಳಿದೆ. ಹೇಳುವ ಹಾಗಿಲ್ಲ ಎಂದರು. ಇಸವಿ? ಬೇಡ. ಗಂಡನ ಕೆಲಸ? ಬೇಡ. ಯಾವ ಊರಿನವರು? ಅದೂ ಬೇಡ. ಕಾಯಿಲೆ ಏನೆಂದು ಕೇಳಿದ್ದಕ್ಕೆ ಇನ್ನೊಂದು ಲೋಟ ಮಜ್ಜಿಗೆ ಕೊಟ್ಟರು.

"ಹಾಗಾದ್ರೆ ಹುಡುಕೋದು ಹೇಗೆ ಅತ್ತೆ?"

"ಅದು ಗೊತ್ತಿದ್ದಿದ್ರೆ ನಿನ್ನನ್ನ ಯಾಕೆ ಕೇಳ್ತಿದ್ದೆ?"

ಊಟಕ್ಕೆ ಬಂದ ಮಾವ ನನ್ನ ಮುಖ ನೋಡಿ ನಕ್ಕರು. ಅವರ ಕನ್ನಡ ತೆಲುಗಿನ ಮೇಲೆ ಕೂತು ಬರುತ್ತದೆ. "ಏಮ್ಮಾ ಚೈತ್ರ, ಸುಸ್ತಾಯ್ತಾ? ಮದುವೆ ಆದಾಗಿಂದ ನಾನೂ ಕೇಳ್ತಾನೇ ಇದೀನಿ ತಲ್ಲೀ. ಪಪ್ಪುಗೆ ಉಪ್ಪು ಸಾಕಾ ಅಂದ್ರೆ, ನಿಮಗೇನನ್ನಿಸುತ್ತೆ ಅಂತಾಳೆ."

ಹಾಗೆ ಶುರುವಾಯಿತು. ಜೂನ್ ೨೮, ಜುಲೈ ೧೨, ಜುಲೈ ೨೬. ನಾಲ್ಕು ಪ್ರಯಾಣದಲ್ಲಿ ನಾನು ಕೇಳಿದ ಪ್ರಶ್ನೆ ಅರವತ್ತೊಂದು, ಬಂದ ಉತ್ತರ ಹದಿನೇಳು. ಅದರಲ್ಲಿ ಹನ್ನೊಂದು ಆಯಾ ದೇಶದ ತರಕಾರಿಯ ವಿಷಯ. ಆಸ್ಪತ್ರೆಯ ವರ್ಷಗಳ ಬಗ್ಗೆ ಕೇಳಿದರೆ ಅದು ರೋಗಿಗಳ ಗುಟ್ಟು. ಆಮೇಲಿನ ವರ್ಷಗಳ ಬಗ್ಗೆ ಕೇಳಿದರೆ ಅದು ಸರ್ಕಾರದ ಗುಟ್ಟು. ಎರಡೂ ಕೆಲಸದಲ್ಲಿ ಬಾಯಿ ಮುಚ್ಚಿಕೊಂಡಿರುವುದೇ ಕೆಲಸವಾಗಿದ್ದರೆ ಜೀವನಚಿತ್ರಕ್ಕೆ ಉಳಿಯುವುದೇನು? ಒಂದು ದೇಶದಲ್ಲಿ ಮೆಂತ್ಯ ಸೊಪ್ಪು ಸಿಗುತ್ತಿರಲಿಲ್ಲ, ಕುಂಡದಲ್ಲಿ ಬೆಳೆದುಕೊಂಡೆ ಎಂದರು. ಅದನ್ನು ಬರೆದುಕೊಂಡೆ. ಇನ್ನೊಂದು ದೇಶದಲ್ಲಿ ಎರಡು ಕಡೆಯವರು ಇಡೀ ಬೆಳಿಗ್ಗೆ ಮಾತಾಡದೆ ಕೂತಿದ್ದರು, ನಾನೂ ಸುಮ್ಮನೆ ಕೂತಿದ್ದೆ, ಕೊನೆಗೆ ಅವರೇ ಮಾತಾಡಿದರು ಎಂದರು. ಯಾವ ದೇಶ, ಯಾವ ಮಾತುಕತೆ? ಹೇಳಲಿಲ್ಲ. ಸುಮ್ಮನೆ ಕೂರುವುದನ್ನು ಕಲಿತದ್ದು ಆಸ್ಪತ್ರೆಯಲ್ಲಿ ಎಂದಷ್ಟೇ ಹೇಳಿದರು.

ಸುಮ್ಮನೆ ಕೂರುವ ಆ ವಿದ್ಯೆಯನ್ನು ನನ್ನ ಮೇಲೂ ಪ್ರಯೋಗಿಸಿದರು. ನಾನು ಪ್ರಶ್ನೆ ಕೇಳಿ ಪೆನ್ನು ಹಿಡಿದು ಕಾಯುತ್ತೇನೆ, ಅವರು ನನ್ನನ್ನು ನೋಡುತ್ತಾ ಕೂರುತ್ತಾರೆ, ಆ ಮೌನ ತಡೆಯಲಾರದೆ ನಾನೇ ಏನಾದರೂ ಹೇಳುತ್ತೇನೆ. ಜುಲೈ ೨೬ರ ಸಂಜೆ ಮರಳುವ ರೈಲಿನಲ್ಲಿ ಪುಸ್ತಕ ತೆರೆದು ನೋಡಿದರೆ, ಮುರಿದುಬಿದ್ದ ನನ್ನ ನಿಶ್ಚಿತಾರ್ಥ, ಅಮ್ಮ ಆ ವಿಷಯದಲ್ಲಿ ಇನ್ನೂ ಹಿಡಿದಿಟ್ಟುಕೊಂಡಿರುವ ಕೋಪ, ಬ್ಯಾಂಕಿನಲ್ಲಿ ನನಗಾಗದವರ ವಿವರ ಎಲ್ಲವೂ ಅತ್ತೆಗೆ ಗೊತ್ತಾಗಿತ್ತು. ಅವರ ಬಗ್ಗೆ ನನ್ನ ಹತ್ತಿರ ಇದ್ದದ್ದು ಮೆಂತ್ಯ ಸೊಪ್ಪು.

ಅತ್ತೆಯ ಆ ಒಂದು ಪ್ರಶ್ನೆಯನ್ನು ಬರೆಯುವ ಕೆಲಸ ಇದಕ್ಕಿಂತ ಕಷ್ಟವಾಯಿತು. ಜುಲೈ ೧೨ರಂದು ನಾನು ಬರೆದುಕೊಟ್ಟ ಮೊದಲ ಕರಡಿನಲ್ಲಿ ಐವತ್ತೆಂಟು ಪದಗಳಿದ್ದವು. ಅತ್ತೆ ಕನ್ನಡಕ ಹಾಕಿಕೊಂಡು ಒಂದೊಂದೇ ಪದ ಹೊಡೆಯುತ್ತಾ ಬಂದರು. ಆಗಸ್ಟ್ ೨೩ರ ಹೊತ್ತಿಗೆ ಒಂಬತ್ತನೇ ಕರಡು, ಹತ್ತೊಂಬತ್ತು ಪದ. ಹುಡುಕುತ್ತಿದ್ದಾರೆ ಎಂಬ ಪದಕ್ಕೆ ಒಂದು ಇಡೀ ಮಧ್ಯಾಹ್ನ ಹೋಯಿತು. ಹುಡುಕುತ್ತಿದ್ದಾರೆ ಎಂದರೆ ಆಕೆ ಎಲ್ಲೋ ಕಳೆದುಹೋದಂತೆ ಆಗುತ್ತದೆ, ಬಿಟ್ಟುಹೋದವಳು ತಾನು ಎಂದರು. ಆಸ್ಪತ್ರೆ ಎಂಬ ಪದ ತೆಗೆದರು, ಮತ್ತೆ ಹಾಕಿದರು, ಮತ್ತೆ ತೆಗೆದರು. ಹೊರಗೆ ಕೃಷ್ಣೆ ತುಂಬಿ ಬಂದಿದ್ದಳು. ಬ್ಯಾರೇಜಿನ ಗೇಟು ಎತ್ತಿದ್ದಾರೆಂದು ಬೀದಿಯ ಜನವೆಲ್ಲ ನೋಡಲು ಹೋಗಿದ್ದರು. ಮಾವ ಬಾಗಿಲಲ್ಲಿ ಚಪ್ಪಲಿ ಹಾಕಿಕೊಂಡು ನಿಂತು, ಇಷ್ಟು ಹೊತ್ತಿಗೆ ಎರಡು ದೇಶ ಯುದ್ಧ ಮಾಡಿ ರಾಜಿಯೂ ಆಗಿರುತ್ತವೆ, ನೀವಿಬ್ಬರೂ ಒಂದು ವಾಕ್ಯ ಮುಗಿಸಲಿಲ್ಲ ಎಂದು ಒಬ್ಬರೇ ಹೊರಟುಹೋದರು.

ನನಗೆ ರೇಗಿಹೋಗಿತ್ತು. ಹತ್ತೊಂಬತ್ತು ಪದದ ಆ ವಾಕ್ಯವನ್ನು ಓದಿ ಯಾರು ತಾನೇ ಏನು ತಿಳಿದುಕೊಂಡಾರು? ಇಸವಿ ಇಲ್ಲದ ಪ್ರಶ್ನೆ ವಿಳಾಸವಿಲ್ಲದ ಲಕೋಟೆ ಇದ್ದ ಹಾಗೆ ಎಂದೆ. ಅತ್ತೆ ನಿಧಾನಕ್ಕೆ ಹೇಳಿದರು: ಆಗ ವಿಶಾಖಪಟ್ಟಣದಲ್ಲಿ ಇದ್ದ ಕನ್ನಡದವರು ಬೆರಳೆಣಿಕೆ, ಎಲ್ಲರೂ ಎಲ್ಲರನ್ನೂ ಬಲ್ಲವರು. ಹೆಸರು ಬಿಟ್ಟು ಇಸವಿ ಹಾಕಿದರೂ ಹೆಸರು ಹಾಕಿದಂತೆಯೇ. ಆಕೆ ಬರುತ್ತಿದ್ದುದು ಆಕೆಯ ಮನೆಯಲ್ಲೇ ಎಲ್ಲರಿಗೂ ಗೊತ್ತಿರಲಿಲ್ಲ.

ಇದನ್ನು ಆಗಸ್ಟ್ ೨೩ರಂದು ಹೇಳಿದರು. ಬರೆದುಕೊಂಡಿದ್ದೇನೆ. ಬರೆದುಕೊಂಡೂ ನಾನು ಮುಂದೆ ಮಾಡಿದ ಕೆಲಸಕ್ಕೆ ಕ್ಷಮೆ ಇಲ್ಲ.

ಆಗಸ್ಟ್ ೯ರಂದು ಬೇರೇನೋ ಮಾತಿನ ಮಧ್ಯೆ ಅತ್ತೆ, ಆಕೆಯ ಗಂಡನಿಗೆ ವರ್ಗವಾಗುವ ಮೊದಲೇ ಗುಣವಾಗಬೇಕಿತ್ತು ಎಂದಿದ್ದರು. ನಾನು ವರ್ಗ ಎಂಬ ಪದದ ಕೆಳಗೆ ಎರಡು ಗೆರೆ ಎಳೆದಿದ್ದೆ. ಅತ್ತೆ ಯಾವ ಇಸವಿಯಲ್ಲಿ ಆಸ್ಪತ್ರೆ ಬಿಟ್ಟರೆಂದು ಅಪ್ಪನಿಗೆ ಗೊತ್ತಿತ್ತು. ವರ್ಗವಾಗಿ ಬಂದುಹೋದ ಕನ್ನಡದವರ ಹೆಸರು ಯಾರಿಗೆ ಗೊತ್ತಿರುತ್ತದೆ? ಅನಂತರಾಯರಿಗೆ. ಸೆಪ್ಟೆಂಬರ್ ೧೭ರ ಸಂಜೆ ಅವರ ಮನೆಗೆ ಹೋದೆ. ಸಂಘದ ಹಳೆಯ ಸದಸ್ಯರ ಪುಸ್ತಕ ತೆಗೆದು, ಧೂಳು ಒರೆಸಿ, ಯಾರು ಯಾವ ಬೀದಿಯಲ್ಲಿದ್ದರು, ಯಾರ ಹೆಂಡತಿ ಹಾಡುತ್ತಿದ್ದರು ಎಂದೆಲ್ಲ ಉತ್ಸಾಹದಿಂದ ಹೇಳಿದರು. ಜೀವನಚಿತ್ರಕ್ಕೆ ಹಳಬರ ನೆನಪು ಬೇಕು ಎಂದಷ್ಟೇ ನಾನು ಹೇಳಿದ್ದೆ. ಲೆಕ್ಕಕ್ಕೆ ಹೊಂದುವವರು ಮೂವರು ಸಿಕ್ಕರು. ಇಬ್ಬರ ಫೋನ್ ನಂಬರೂ ಸಿಕ್ಕಿತು. ಆ ಸಂಜೆ ನನ್ನಷ್ಟು ಖುಷಿಯಾಗಿದ್ದವರು ವಿಶಾಖಪಟ್ಟಣದಲ್ಲಿ ಇನ್ನೊಬ್ಬರಿರಲಿಲ್ಲ. ಅತ್ತೆಯ ಮುಂದೆ ಮುಂದಿನ ಸಲ ಉತ್ತರವನ್ನೇ ಇಟ್ಟುಬಿಡುತ್ತೇನೆ ಎಂದುಕೊಂಡೆ.

ಸೆಪ್ಟೆಂಬರ್ ೨೧, ಭಾನುವಾರ, ಬೆಳಿಗ್ಗೆ ಹನ್ನೊಂದು ಹತ್ತಕ್ಕೆ ಮೊದಲ ನಂಬರಿಗೆ ಫೋನ್ ಮಾಡಿದೆ. ಎತ್ತಿದ್ದು ಆ ಮನೆಯ ಮಗ. (ಮಗನೋ ಮಗಳೋ, ಬೆಳಿಗ್ಗೆಯೋ ಸಂಜೆಯೋ, ಇಲ್ಲಿ ಕೆಲವನ್ನು ಬದಲಿಸಿದ್ದೇನೆ.) ನಾನು ಬ್ಯಾಂಕಿನಲ್ಲಿ ಗ್ರಾಹಕರ ಹತ್ತಿರ ವಿವರ ಕೇಳುವ ರೀತಿಯಲ್ಲೇ ಒಂದಾದ ಮೇಲೊಂದು ಕೇಳಿದೆ. ತಂದೆಯವರು ಇಂಥ ಇಸವಿಯಲ್ಲಿ ವಿಶಾಖಪಟ್ಟಣದಲ್ಲಿದ್ದರೇ? ಹೌದು. ತಾಯಿಯವರೂ ಜೊತೆಗಿದ್ದರೇ? ಹೌದು. ಆಗ ಅವರು ಆಸ್ಪತ್ರೆಗೆ, ಮನಸ್ಸಿನ ಡಾಕ್ಟರ ಹತ್ತಿರ, ಹೋಗುತ್ತಿದ್ದರೇ?

ಆ ಕಡೆ ಫ್ಯಾನಿನ ಸದ್ದು ಕೇಳಿಸುತ್ತಿತ್ತು.

"ಯಾವ ಡಾಕ್ಟ್ರು? ಯಾರು ರೀ ನೀವು?" ಎಂದ ಆತ. "ಸ್ಪೀಕರ್ ಹಾಕಿದೀನಿ. ಅಮ್ಮ ಇಲ್ಲೇ ಕೂತಿದಾರೆ."

ದೂರದಿಂದ ವಯಸ್ಸಾದ ಹೆಂಗಸಿನ ದನಿ ಬಂತು. "ಯಾರೋ ಗೊತ್ತಿಲ್ದೋರು ಕಣೋ. ಇಡು."

ಅವನು ಇಟ್ಟ. ಎರಡನೇ ನಂಬರಿಗೆ ನಾನು ಮಾಡಲಿಲ್ಲ.

ಸೆಪ್ಟೆಂಬರ್ ೨೪ರಂದು ಆತನೇ ತಿರುಗಿ ಫೋನ್ ಮಾಡಿದ. ಅಮ್ಮ ಅವತ್ತಿನಿಂದ ಸರಿಯಾಗಿ ಊಟ ಮಾಡುತ್ತಿಲ್ಲ, ಯಾವ ಆಸ್ಪತ್ರೆ, ಯಾವ ಕಾಯಿಲೆ, ನಿಮಗೆ ಏನು ಗೊತ್ತಿದೆ ಹೇಳಿ ಎಂದ. ನನಗೆ ಏನೂ ಗೊತ್ತಿಲ್ಲ ಎಂದೆ. ಅದು ನಿಜವಾಗಿತ್ತು, ಆದರೆ ಅವನು ನಂಬಲಿಲ್ಲ. ಅಕ್ಟೋಬರ್ ೩ರಂದು ಮತ್ತೆ ಮಾಡಿದ. ಅಪ್ಪ ಬದುಕಿದ್ದಿದ್ದರೆ ಅವರನ್ನು ಕೇಳುತ್ತಿದ್ದೆ, ಅಮ್ಮನನ್ನು ಕೇಳಲು ಹೆದರಿಕೆಯಾಗುತ್ತದೆ ಎಂದ. ಅದನ್ನು ಹೇಳುವಾಗ ಅವನ ಕೋಪವೆಲ್ಲ ಇಳಿದಿತ್ತು. ಬಯ್ಯುತ್ತಿದ್ದಾಗಲೇ ಕೇಳಲು ಸುಲಭವಿತ್ತು.

ಸೆಪ್ಟೆಂಬರ್ ೨೭ರಂದು ವಿಜಯವಾಡಕ್ಕೆ ಹೋಗಬೇಕಿತ್ತು. ದಸರೆಯ ಗದ್ದಲ, ಟಿಕೆಟ್ ಸಿಗಲಿಲ್ಲ. ಫೋನಿನಲ್ಲಿ ಅತ್ತೆಗೆ ಹೇಳಬಹುದಿತ್ತು. ನಾಲ್ಕು ಸಲ ಫೋನ್ ಮಾಡಿ ನಾಲ್ಕು ಸಲವೂ ಮಳೆಯ ವಿಷಯ ಮಾತಾಡಿ ಇಟ್ಟೆ. ಕೊನೆಗೆ ಅಕ್ಟೋಬರ್ ೧೧ರಂದು ಹೋಗಿ, ಚಪ್ಪಲಿ ಬಿಟ್ಟ ಕೂಡಲೇ, ಕೂರುವ ಮೊದಲೇ ಎಲ್ಲ ಹೇಳಿದೆ. ಅತ್ತೆ ಬಯ್ಯಲಿಲ್ಲ. ಆ ಹುಡುಗನ ನಂಬರ್ ಕೊಡು ಎಂದರು. ಅಲ್ಲೇ, ನನ್ನ ಎದುರಿಗೇ, ಫೋನ್ ಮಾಡಿದರು.

ಹತ್ತು ನಿಮಿಷ ಮಾತಾಡಿದರು. ನಾನು ಬಹಳ ಜನ ಮಾತಾಡುವುದನ್ನು ಕೇಳಿದ್ದೇನೆ, ಆದರೆ ಆ ಹತ್ತು ನಿಮಿಷ ಅತ್ತೆ ಮಾಡಿದ್ದನ್ನು ಬೇರೆ ಯಾರೂ ಮಾಡುವುದನ್ನು ನೋಡಿಲ್ಲ. ಒಂದೇ ಒಂದು ಸುಳ್ಳು ಹೇಳಲಿಲ್ಲ. ಒಂದೇ ಒಂದು ನಿಜವನ್ನೂ ಬಿಟ್ಟುಕೊಡಲಿಲ್ಲ. ತಾನು ಇಂಥವಳು, ನಿಮಗೆ ಫೋನ್ ಮಾಡಿದವಳು ತನ್ನ ಅಣ್ಣನ ಮಗಳು, ಅವಳು ಯಾವುದೋ ಹಳೆಯ ಪಟ್ಟಿ ಹಿಡಿದು ಸಿಕ್ಕಿದವರನ್ನೆಲ್ಲ ಅದೇ ಪ್ರಶ್ನೆ ಕೇಳಲು ಹೊರಟಿದ್ದಳು, ನಿಮ್ಮ ಮನೆಯ ಬಗ್ಗೆ ಅವಳಿಗೆ ಗೊತ್ತಿರುವುದು ಆ ಪಟ್ಟಿಯಲ್ಲಿದ್ದಷ್ಟೇ ಎಂದರು. ಆಮೇಲೆ ಅವನ ತಾಯಿಗೆ ಏನು ಇಷ್ಟ, ಯಾರ ಹತ್ತಿರ ಹೆಚ್ಚು ಮಾತಾಡುತ್ತಾರೆ, ಮೊಮ್ಮಕ್ಕಳು ಎಷ್ಟು ಎಂದು ಕೇಳಿದರು. ಅವನು ಹೇಳುತ್ತಾ ಹೋದ. ಇವರು ಹೂಂಗುಟ್ಟುತ್ತಾ ಹೋದರು. ಕೊನೆಗೆ, ತಾಯಿಯವರಿಗೆ ತೊಂದರೆ ಕೊಟ್ಟದ್ದಕ್ಕೆ ಕ್ಷಮೆ ಕೇಳಿದೆನೆಂದು ತಿಳಿಸಿ, ನಮ್ಮ ಮನೆಯಿಂದ ಇನ್ನು ಯಾರೂ ಫೋನ್ ಮಾಡುವುದಿಲ್ಲ ಎಂದು ಇಟ್ಟರು.

ನನಗೆ ತಡೆಯಲಾಗಲಿಲ್ಲ. ಇಷ್ಟು ವರ್ಷ ತಿಳಿಯಬೇಕೆಂದಿದ್ದ ಒಂದು ಮಾತು, ಅದೇ ಮನೆಯಾಗಿದ್ದರೆ, ಫೋನಿನ ಆ ಕಡೆ ಮೂರು ಮಾರು ದೂರದಲ್ಲಿ ಕೂತಿತ್ತು.

"ಒಂದ್ಸಲ ಅವರಿಗೆ ಫೋನ್ ಕೊಡಿ ಅನ್ನಬಹುದಿತ್ತಲ್ಲ ಅತ್ತೆ?"

"ಇಡು ಅಂದರಲ್ಲ ಅವರು. ಉತ್ತರ ಕೊಟ್ಟಿದಾರೆ."

"ಅವರೇ ಆಗಿದ್ರೆ?"

"ಅವರೇ ಆಗಿದ್ರೂ ಅದೇ. ಆಗಿರದಿದ್ರೂ ಅದೇ."

ಆ ಮಧ್ಯಾಹ್ನ ಮಾವನೂ ತಮಾಷೆ ಮಾಡಲಿಲ್ಲ. ಊಟವಾದ ಮೇಲೆ ಅತ್ತೆ, ನಾಲ್ಕು ತಿಂಗಳಲ್ಲಿ ಮೊದಲ ಸಲ, ನಾನು ಕೇಳದೆಯೇ ಮಾತಾಡಿದರು. ನಾನು ಬರೆದುಕೊಳ್ಳಲಿಲ್ಲ. ಆಕೆ ಮೊದಲ ವಾರಗಳಲ್ಲಿ ಬಂದು ಗೋಡೆ ನೋಡುತ್ತಾ ಕೂತಿದ್ದು ಹೋಗುತ್ತಿದ್ದರಂತೆ. ಅತ್ತೆಗೆ ಆಗ ಹೊಸ ಕೆಲಸ, ಓದಿದ್ದು ಯಾವುದೂ ನಡೆಯಲಿಲ್ಲ. ಊರಿನಿಂದ ತಮ್ಮ ಅಮ್ಮ ಕಳಿಸಿದ್ದ ಅವರೆಕಾಳನ್ನು ಅತ್ತೆ ಒಂದು ರಾತ್ರಿ ನೆನೆಹಾಕಿ, ಮಾರನೆಯ ದಿನ ಸ್ಟೀಲ್ ಡಬ್ಬಿಯಲ್ಲಿ ಆಸ್ಪತ್ರೆಗೇ ತೆಗೆದುಕೊಂಡು ಹೋಗಿ, ಮೇಜಿನ ಮೇಲಿಟ್ಟು, ಹಿದುಕುತ್ತಾ ಕೂತರು. ಸ್ವಲ್ಪ ಹೊತ್ತಿನ ಮೇಲೆ ಆಕೆಯೂ ಕೈ ಹಾಕಿದರು. ಕಾಳು ಸಿಪ್ಪೆಯಿಂದ ಜಾರಿ ನೆಲಕ್ಕೆ ಹಾರಿದಾಗ, ಹಾಗಲ್ಲ, ಹೆಬ್ಬೆರಳಿಂದ ಒತ್ತಿ ಎಂದು ಅತ್ತೆಗೆ ಹೇಳಿಕೊಟ್ಟರು. ಅದು ಆ ಕೋಣೆಯಲ್ಲಿ ಆಕೆ ಆಡಿದ ಮೊದಲ ಮಾತು. ಆಮೇಲೆ ಅವರೆಕಾಳಿರುವಷ್ಟು ದಿನ ಪ್ರತಿ ಮಂಗಳವಾರ ಇಬ್ಬರೂ ಹಿದುಕುತ್ತಾ ಮಾತಾಡುತ್ತಿದ್ದರು.

ಕೊನೆಯ ಸಲ ಡಬ್ಬಿಯಲ್ಲಿ ಅರ್ಧ ಉಳಿದಿತ್ತಂತೆ. ಮುಂದಿನ ಮಂಗಳವಾರ ಇನ್ನಷ್ಟು ನೆನೆಹಾಕಿ ತರುತ್ತೇನೆ ಎಂದು ಅತ್ತೆ ಹೇಳಿದರು. ದೆಹಲಿಯ ರೈಲಿನ ಟಿಕೆಟ್ ಆಗಲೇ ಅವರ ಕೈಚೀಲದಲ್ಲಿತ್ತು, ಭಾನುವಾರದ್ದು.

"ಹೇಳಿದ್ರೆ ಅಳ್ತಿದ್ದರು," ಎಂದರು ಅತ್ತೆ. "ಅದನ್ನ ನೋಡೋಕೆ ನನಗೆ ಧೈರ್ಯ ಇರ್ಲಿಲ್ಲ. ಅವರ ಒಳ್ಳೇದಕ್ಕೆ ಅಂತ ಅಂದ್ಕೊಂಡೆ. ಅಲ್ಲ. ನನ್ನ ಅನುಕೂಲಕ್ಕೆ."

ಆಮೇಲೆ ಸಂಚಿಕೆಗೆ ಏನೂ ಬೇಡ ಎಂದರು. ಅಕ್ಟೋಬರ್ ೨೫ರಂದು, ಮೋಡ ಕವಿದ ಶನಿವಾರ, ಒಂಬತ್ತನೆಯ ಮತ್ತು ಕೊನೆಯ ಪ್ರಯಾಣದಲ್ಲಿ, ಹಾಳೆಗಳನ್ನೆಲ್ಲ ಅವರಿಗೆ ತೋರಿಸಿ ಆ ಮೂರು ಹೆಸರಿದ್ದ ಪುಟವನ್ನು ಅವರ ಎದುರಿಗೆ ಹರಿದೆ. ದಿನಚರಿಯಿಂದ ನಾನು ಪುಟ ಹರಿದದ್ದು ಅದೊಂದೇ ಸಲ. ಸಂಚಿಕೆಯಲ್ಲಿ ಜೀವನಚಿತ್ರಕ್ಕಿಟ್ಟ ಆರು ಪುಟಕ್ಕೆ ಅನಂತರಾಯರು ಜಾಹೀರಾತು ಹಾಕಿದರು, ನನ್ನ ಜೊತೆ ಯುಗಾದಿಯವರೆಗೆ ಮಾತು ಬಿಟ್ಟರು. ಅದಕ್ಕೆ ಅವರಿಗೆ ಹಕ್ಕಿದೆ.

ಈ ಬರಹವನ್ನು ಹೋದ ತಿಂಗಳು ಕರಡು ಮಾಡಿ, ಪತ್ರಿಕೆಗೆ ಹಾಕಬಹುದೇ ಬೇಡವೇ ಎಂದು ಕೇಳಿ ಅತ್ತೆಗೆ ಕಳಿಸಿದೆ. ಅವರೆಕಾಳಿನ ಭಾಗವನ್ನು ನಾನೇ ತೆಗೆದಿದ್ದೆ. ಇಪ್ಪತ್ತಾರು ಕಡೆ ಹೊಡೆದು, ಅದನ್ನು ವಾಪಸು ಸೇರಿಸು ಎಂದು ಅಂಚಿನಲ್ಲಿ ಬರೆದು ಕಳಿಸಿದರು. ನನಗೆ ಅರ್ಥವಾಗಲಿಲ್ಲ, ಫೋನ್ ಮಾಡಿದೆ. ಇಸವಿ, ಕಚೇರಿ, ಬೀದಿ ಊರಿಗೆಲ್ಲ ಗೊತ್ತಿರುವಂಥವು, ಅವನ್ನು ತೆಗೆ ಎಂದರು. ಅವರೆಕಾಳು ಆ ಕೋಣೆಯಲ್ಲಿದ್ದ ಇಬ್ಬರಿಗೆ ಮಾತ್ರ ಗೊತ್ತು. ಆಕೆಯ ಗಂಡನಿಗೂ, ಮಕ್ಕಳಿಗೂ ಗೊತ್ತಿರಲಾರದು. ಆಕೆ ಓದಿದರೆ ಆಕೆಗೆ ತಿಳಿಯುತ್ತದೆ. ಪಕ್ಕದಲ್ಲಿ ಕೂತವರು ಓದಿದರೆ ಅದು ಯಾರದೋ ಅಡುಗೆಯ ವಿಷಯ. ತಿಂಗಳುಗಟ್ಟಲೆ ನಾವಿಬ್ಬರೂ ಜಗಳವಾಡಿದ ವಾಕ್ಯವನ್ನು ಇಷ್ಟು ಸರಳವಾಗಿ ಬರೆಯಬಹುದಾಗಿತ್ತು ಎಂದು ನನಗೆ ಮತ್ತೆ ರೇಗಿತು.

ಓದುಗರಲ್ಲಿ ಯಾರಿಗಾದರೂ ಹೆಚ್ಚು ಗೊತ್ತಿದ್ದರೆ ಈ ಪತ್ರಿಕೆಯ ವಿಳಾಸಕ್ಕೆ ಬರೆಯಬೇಕೆಂದು ಕೇಳಿಕೊಳ್ಳುತ್ತೇನೆ. ಹೆಸರು, ಊರು, ಇಸವಿ ಹಾಕಬೇಡಿ. ಯಾರ ಬಗ್ಗೆಯೂ ಊಹಿಸಿ ಬರೆಯಬೇಡಿ, ಯಾರ ಮನೆಗೂ ಫೋನ್ ಮಾಡಬೇಡಿ. ಬಂದ ಲಕೋಟೆಗಳನ್ನು ನಾನು ಒಡೆಯದೆ ಭವಾನಿಪುರಂಗೆ ತಲುಪಿಸುತ್ತೇನೆ. ಈ ಕೆಳಗಿನದು ಕುಮುದತ್ತೆ ತಾವೇ ಬರೆದುಕೊಟ್ಟದ್ದು, ನಾನು ಒಂದಕ್ಷರವನ್ನೂ ಮುಟ್ಟಿಲ್ಲ:

"ಹೆಬ್ಬೆರಳಿಂದ ಒತ್ತಬೇಕೆಂದು ನನಗೆ ಹೇಳಿಕೊಟ್ಟವರಿಗೆ. ಆ ಮಂಗಳವಾರ ನಾನು ಬರುವುದಿಲ್ಲವೆಂದು ನನಗೆ ಮೊದಲೇ ಗೊತ್ತಿತ್ತು. ನಿಮಗೆ ಹೇಳಲಿಲ್ಲ. ನೀವು ಬಂದು ಎಷ್ಟು ಹೊತ್ತು ಕಾದಿರಿ? ಅದೊಂದನ್ನು ಬರೆಯಿರಿ. ಬರೆಯಲು ಮನಸ್ಸಿಲ್ಲದಿದ್ದರೆ ಬೇಡ."